ಕಂಪನಿಗೆ ಕಾಮಾಲೆ ಬರುವುದಿಲ್ಲವಲ್ಲ!

ದಾವಣಗೆರೆಯ ಪಿ.ಬಿ. ರಸ್ತೆಯ ಮಗ್ಗುಲಲ್ಲಿ ನಮ್ಮ ಸೋದರಮಾವನವರದ್ದೊಂದು ಗೋದಾಮಿದೆ. ಮೆಕ್ಕೆಜೋಳದ ಬಿತ್ತನೆ ಬೀಜ ಮಾರುವ ಕಂಪನಿಯೊಂದು ಅದನ್ನು ಬಾಡಿಗೆಗೆ ಹಿಡಿಯಿತು. ಹಿಂದೆ ಮೂಟೆಗಳು, ಮುಂದೆ ಗಾಜಿನ ಬಾಗಿಲಿನ ಆಫೀಸು. ಆರು ತಿಂಗಳು ಬಾಡಿಗೆ ತಪ್ಪದೆ ಬಂತು. ಆಮೇಲೆ ಬಂದದ್ದು ವರ್ಷಕ್ಕೊಂದು ಕ್ಯಾಲೆಂಡರ್ ಮಾತ್ರ.

ಮಾವ ಬಾಕಿ ವಸೂಲಿಗೆ ಸಿವಿಲ್ ದಾವೆ ಹಾಕಿದರು. ಸಮನ್ಸ್ ಹೋಯಿತು, ಕಂಪನಿಯ ಸೀಲು, ಸಹಿ ಬಿದ್ದು ವಾಪಸ್ಸೂ ಬಂತು. ವಾಯಿದೆಯ ದಿನ ಕೋರ್ಟಿನ ಜವಾನ ಮೂರು ಸಲ ಕೂಗಿದ. ಯಾರೂ ಓಗೊಡಲಿಲ್ಲ. ಎಕ್ಸ್‌ಪಾರ್ಟಿ ಡಿಕ್ರಿಯಾಯಿತು, ಅಂದರೆ ಎದುರಿನವರು ಬಾರದೆಯೇ ಮಾವನ ಪರ ತೀರ್ಪಾಯಿತು. ಆ ಸಂಜೆ ಮಾವ ಎಲ್ಲರಿಗೂ ಮಂಡಕ್ಕಿ ಮಿರ್ಚಿ ಕೊಡಿಸಿದ್ದು ಸ್ವಲ್ಪ ಅವಸರವಾಯಿತು.

ಏಕೆಂದರೆ ಕಂಪನಿ ಆಗಲೂ ಮಿಸುಕಲಿಲ್ಲ. ವರ್ಷ ಕಳೆಯಿತು. ಡಿಕ್ರಿಯ ಹಣ ವಸೂಲಿ ಮಾಡಿಕೊಡಿ ಎಂದು ಅಮಲ್ಜಾರಿ ಅರ್ಜಿ ಹಾಕಿದ ಮೇಲೆ ಕೋರ್ಟಿನ ಅಮೀನರು ಜಪ್ತಿ ವಾರಂಟ್ ಹಿಡಿದು ಹೋದರು. ಮ್ಯಾನೇಜರರ ತಿರುಗುವ ಕುರ್ಚಿಯ ಮೇಲೆ ಕೈಯಿಟ್ಟರು ನೋಡಿ, ಕುರ್ಚಿಯಲ್ಲಿದ್ದವರಿಗೆ ತಟ್ಟನೆ ಎಚ್ಚರವಾಯಿತು. (ರೈತನ ಎತ್ತು, ಬಿತ್ತನೆ ಬೀಜ, ಮನೆಯ ಅಡುಗೆ ಪಾತ್ರೆಗಳನ್ನು ಜಪ್ತಿಯಿಂದ ಕಾಪಾಡಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೇ ಕಲಂ ಇದೆ. ತಿರುಗುವ ಕುರ್ಚಿಯನ್ನು ಸೇರಿಸಲು 1908ರಲ್ಲಿ ಮರೆತುಬಿಟ್ಟಿದ್ದಾರೆ.)

ವಾರದೊಳಗೆ ಅದೇ ಸಂಹಿತೆಯ ಆದೇಶ 9, ನಿಯಮ 13ರ ಕೆಳಗೆ ಅರ್ಜಿ ಬಂತು: ಡಿಕ್ರಿ ರದ್ದು ಮಾಡಿ! ಈ ನಿಯಮಕ್ಕೆ ಎರಡರಲ್ಲೊಂದು ಬೇಕು. ಸಮನ್ಸ್ ಸರಿಯಾಗಿ ಜಾರಿಯಾಗಿರಬಾರದು, ಇಲ್ಲವೇ ಹಾಜರಾಗದಿರಲು ಸಾಕಷ್ಟು ಕಾರಣವಿರಬೇಕು. ನಮ್ಮ ಕಡೆಯ ಮನುಷ್ಯಮಾತ್ರದ ಪ್ರತಿವಾದಿಗಳಿಗೆ ಈ ಹಂತದಲ್ಲಿ ತಪ್ಪದೆ ಕಾಮಾಲೆ ಬರುತ್ತದೆ. ನಾಟಿ ಔಷಧಿ ಕುಡಿದು ಪಥ್ಯದಲ್ಲಿದ್ದೆ ಎಂದು ಪ್ರಮಾಣಪತ್ರ ಹಾಕುತ್ತಾರೆ. ಅಷ್ಟೂ ಕಾಮಾಲೆ ನಿಜವಾಗಿದ್ದರೆ ಇಷ್ಟೊತ್ತಿಗೆ ಜಿಲ್ಲೆಗೆ ಜಿಲ್ಲೆಯೇ ಹಳದಿಯಾಗಿರಬೇಕಿತ್ತು. ಕಂಪನಿಯೂ ಕಾನೂನಿನ ಕಣ್ಣಿಗೆ ಒಬ್ಬ ವ್ಯಕ್ತಿಯೇ. ಆದರೆ ಪಾಪ, ಲಿವರ್ ಇಲ್ಲ. ಬೇರೆ ಕಾಯಿಲೆ ಹುಡುಕಬೇಕಾಯಿತು.

ಸಮನ್ಸ್ ಇಸಕೊಂಡ ಗುಮಾಸ್ತ ಅದನ್ನು ಕರೆಂಟ್ ಬಿಲ್ಲಿನ ಫೈಲಿಗೆ ಸೇರಿಸಿದನಂತೆ. ಆ ಫೈಲು ನೋಡಬೇಕಾದವರಿಗೆ ಹುಬ್ಬಳ್ಳಿಗೆ ವರ್ಗವಾಯಿತಂತೆ. ಅವರ ಜಾಗಕ್ಕೆ ಬಂದವರು ಕೆಲಸವನ್ನೇ ಬಿಟ್ಟರಂತೆ. ಮುಖ್ಯ ಕಚೇರಿಗೆ ಈ ಲೋಕವ್ಯವಹಾರ ಯಾವುದೂ ತಿಳಿಯದಂತೆ. ಸೀಲು ಕಂಪನಿಯದು, ಸಹಿ ಗುಮಾಸ್ತನದು, ನಿದ್ದೆ ಮಾತ್ರ ಯಾರದೂ ಅಲ್ಲ. ಇದರ ಬದಲು, ಬರುವಾಗ ರೈಲ್ವೆ ಗೇಟ್ ಹಾಕಿತ್ತು ಎಂದಿದ್ದರೆ ನಾವು ತಕರಾರನ್ನೇ ಹಾಕುತ್ತಿರಲಿಲ್ಲ. ದಾವಣಗೆರೆಯವರಿಗೆ ಅದು ಸಾಕಷ್ಟು ಕಾರಣವೇ.

ಇಂಥ ಅರ್ಜಿಗೆ ಇರುವ ಗಡುವು 30 ದಿನ. ವರ್ಷ ದಾಟಿದ್ದಕ್ಕೆ, ವಿಳಂಬ ಮನ್ನಿಸಿ ಎಂದು ಇನ್ನೊಂದು ಅರ್ಜಿ. ವಿಳಂಬ ಉದ್ದೇಶಪೂರ್ವಕವಲ್ಲ ಎಂದು ಅದರಲ್ಲಿ ಬರೆದಿದ್ದಾರೆ. ಬೀಜದ ಸಾಲ ಎರಡು ದಿನ ತಡವಾದರೆ ದುಗ್ಗಮ್ಮನ ಜಾತ್ರೆಯ ಗದ್ದಲದಲ್ಲೂ ರೈತನನ್ನು ಹುಡುಕಿ ಹಿಡಿಯುವ ಕಂಪನಿ ಇದು. ಅದಕ್ಕೆ ತನ್ನ ಮೇಜಿನ ಮೇಲಿದ್ದ ಕಾಗದ ಮಾತ್ರ ಸಿಗಲಿಲ್ಲ.

ಎದುರಿನವರಿಗೆ ನೋಟಿಸ್ ಕೊಡದೆ ಡಿಕ್ರಿ ರದ್ದು ಮಾಡುವಂತಿಲ್ಲ. ಹಾಗಾಗಿ ಮಾವನಿಗೂ ನೋಟಿಸ್ ಬಂತು. ಬಾಗಿಲಲ್ಲೇ ನಿಂತು ಸಹಿ ಹಾಕಿ ಇಸಕೊಂಡರು. ಕನ್ನಡಕ ಏರಿಸಿ ಅರ್ಜಿದಾರರ ವಿಳಾಸ ಓದಿದರು. ತಮ್ಮದೇ ಗೋದಾಮು, ಅದೇ ಡೋರ್ ನಂಬರ್.

"ಅಲ್ಲ ಅಳಿಯಾ, ಈ ಅಡ್ರೆಸ್ಸಿಗೆ ಬಂದ ಕಾಗದ ಯಾರ ಕೈಗೂ ಸಿಗಲ್ಲ ಅಂತ ಇವರೇ ಪ್ರಮಾಣ ಮಾಡ್ಯಾರೆ. ಮತ್ತೆ ನಮ್ಮ ತಕರಾರು ಎಲ್ಲಿಗೆ ಕಳಿಸೋದು?"

"ಕರೆಂಟ್ ಬಿಲ್ಲಿನ ಜೊತೆ ಕಳಿಸಿ ಮಾವ, ಆ ಫೈಲಾದರೂ ತೆಗೀತಾರೆ" ಎಂದೆ.

ವಾಯಿದೆ ಮುಂದಿನ ತಿಂಗಳಿಗೆ ಬಿದ್ದಿದೆ. ಮರೆಯಬಾರದೆಂದು ಮಾವ ಆ ತಾರೀಖಿನ ಸುತ್ತ ಕೆಂಪು ಪೆನ್ನಿನಲ್ಲಿ ಗೆರೆ ಎಳೆದಿದ್ದಾರೆ, ಕಂಪನಿಯವರು ಕೊಟ್ಟ ಕ್ಯಾಲೆಂಡರಿನಲ್ಲೇ.