ನಾಲ್ಕು ಗಂಟೆಯ ಬಂಗುಡೆ

ನಮ್ಮೂರಲ್ಲಿ ಮೀನಿಗೆ ಅಂತ ಒಂದು ಹೊತ್ತು ಇದೆ. ಮಧ್ಯಾಹ್ನ ಕುಚ್ಚಲಕ್ಕಿ ಅನ್ನದ ಜೊತೆ ಅದಕ್ಕೆ ಪೂರ್ತಿ ಮರ್ಯಾದೆ. ಉಳಿದ ಸಾರು ಮರುದಿನ ಬೆಳಿಗ್ಗೆ ನೀರುದೋಸೆಗೆ ಸಿಕ್ಕರೆ ಇನ್ನೂ ಜಾಸ್ತಿ ಮರ್ಯಾದೆ. ಆದರೆ ಸಂಜೆ ನಾಲ್ಕಕ್ಕೆ ಮೀನಿನ ಹೆಸರು ಎತ್ತುವಂತಿಲ್ಲ. ಆ ಹೊತ್ತನ್ನು ಗೋಳಿಬಜೆಗೂ ಬನ್ಸಿಗೂ ಯಾವತ್ತೋ ಬರೆದುಕೊಟ್ಟಾಗಿದೆ.

ಹಾಗಾಗಿ ಚಹಾಕ್ಕೆ ಬಂಗುಡೆ ಪಫ್ಸ್ ಮಾಡುತ್ತಿದ್ದೇನೆ ಎಂದು ಫೋನಿನಲ್ಲಿ ಹೇಳಿದಾಗ ಅಮ್ಮ ಒಂದು ನಿಮಿಷ ಮಾತಾಡಲಿಲ್ಲ. ಆಮೇಲೆ, "ಚಾಯದ ಒಟ್ಟಿಗೆ ಮೀನಾ? ಮಂಡೆ ಸಮ ಉಂಟಾ ಮಾರಾಯ ನಿನಗೆ?" ಅಂದಳು.

ಮಂಡೆ ಸಮವೇ ಇದೆ. ಬೆಂಗಳೂರಿನ ಸಹವಾಸ, ಅಷ್ಟೇ. ಇಲ್ಲಿ ಸಂಜೆ ಅಂದರೆ ಬೇಕರಿ. ಹಾಸನದ ಕಡೆಯ ಅಯ್ಯಂಗಾರರು ಚಿಕ್ಕಪೇಟೆಯಲ್ಲಿ ಬಿ.ಬಿ. ಬೇಕರಿ ತೆರೆದದ್ದು 1898ರಲ್ಲಿ. ಆಮೇಲೆ ಬೀದಿಗೊಂದು ಅಯ್ಯಂಗಾರ್ ಬೇಕರಿ, ಖಾರಾ ಬನ್ನು, ದಿಲ್‌ಪಸಂದ್, ವೆಜ್ ಪಫ್ಸ್. (ಒಂದೇ ತಗೊಂಡರೂ ಅದು ಪಫ್ಸೇ. ‘ಒಂದು ಪಫ್ ಕೊಡಿ’ ಅಂದರೆ ಊರಿಗೆ ಹೊಸಬ ಅಂತ ಗೊತ್ತಾಗಿಬಿಡುತ್ತದೆ.) ಫ್ರೇಜರ್ ಟೌನಿನ ಆಲ್ಬರ್ಟ್ ಬೇಕರಿ 1902ರದ್ದು. ಅದು ಭೇಜಾ ಪಫ್ಸಿಗೂ ಹೆಸರುವಾಸಿ. ಕುರಿಯ ಮಿದುಳಿಗೆ ಸಿಕ್ಕಿದ ಜಾಗ ಬಂಗುಡೆಗೆ ಯಾಕೆ ಸಿಗಬಾರದು ಅನ್ನೋದು ನನ್ನ ತಕರಾರು.

ಅಮ್ಮನ ಮುಂದೆ ಇಂಗ್ಲೆಂಡಿನ ಸಾಕ್ಷಿಯನ್ನೂ ಇಟ್ಟೆ. ರಾತ್ರಿಯೂಟ ತಡವಾಗುತ್ತದೆ, ನಡುವೆ ಹಸಿವಾಗುತ್ತದೆ ಅಂತ ಬೆಡ್‌ಫರ್ಡಿನ ಡಚೆಸ್ ಆನಾ 1840ರ ಸುಮಾರಿಗೆ ಸಂಜೆಯ ಟೀ ಪದ್ಧತಿ ಶುರುಮಾಡಿದಳಂತೆ. ಅದಕ್ಕೂ ಮೊದಲೇ, 1828ರಲ್ಲಿ, ಜಾನ್ ಆಸ್ಬರ್ನ್ ಎಂಬಾತ ಆಂಚೊವಿ ಎಂಬ ಸಣ್ಣ ಮೀನನ್ನು ಬೆಣ್ಣೆ, ಮಸಾಲೆ ಸೇರಿಸಿ ಅರೆದು ಟೋಸ್ಟಿಗೆ ಹಚ್ಚುವ ಚಟ್ನಿಯಂಥದ್ದನ್ನು ಮಾಡಿದ್ದ. ಅಮ್ಮ ಎಲ್ಲಾ ಕೇಳಿಸಿಕೊಂಡು, "ಪಾಪ, ಅವರಿಗೆ ಗೋಳಿಬಜೆ ಗೊತ್ತಿರಲಿಲ್ಲ" ಅಂದಳು.

ನಿಜ ಹೇಳಬೇಕೆಂದರೆ ಪಫ್ಸಿನ ಯೋಚನೆ ಬಂದದ್ದು ಡಚೆಸ್ಸಿನಿಂದಲ್ಲ, ಹೆಂಡತಿಯಿಂದ. ಅವಳು ತುಮಕೂರಿನವಳು. ಮೀನಿನ ರುಚಿ ಇಷ್ಟ, ಮುಳ್ಳು ಕಂಡರೆ ಭಯ. ತಟ್ಟೆಯಲ್ಲಿ ಬಂಗುಡೆ ಇಟ್ಟರೆ ಅದು ಎದ್ದು ಕಚ್ಚುತ್ತದೇನೋ ಅನ್ನುವ ಹಾಗೆ ಕೂರುತ್ತಾಳೆ.

ಮೊದಲ ಸಲ ತೆಂಗಿನಕಾಯಿ ಅರೆದ ಗಸಿಯನ್ನೇ ಒಳಗೆ ತುಂಬಿಸಿದೆ. ಮೇಲೆ ಗರಿಗರಿ, ಕೆಳಗೆ ನೆನೆದ ರೊಟ್ಟಿನ ಪೆಟ್ಟಿಗೆ. ಆಗ ತಿಳಿದದ್ದು ಇಷ್ಟು: ಹಿಟ್ಟು, ಬೆಣ್ಣೆಯೊಳಗಿನ ನೀರು ಆವಿಯಾಗಿ ಪದರಗಳನ್ನು ಎಬ್ಬಿಸುತ್ತದೆ. ಮಸಾಲೆಯ ನೀರು ತಳಕ್ಕಿಳಿದು ಅವನ್ನು ಕೂರಿಸುತ್ತದೆ. ಈಗ ಪುಳಿಮುಂಚಿಯೇ. ಅದಕ್ಕೆ ತೆಂಗಿನಕಾಯಿ ಬೇಡ. ಬ್ಯಾಡಗಿ ಮೆಣಸು, ಕೊತ್ತಂಬರಿ, ನಾಲ್ಕು ಕಾಳು ಮೆಂತ್ಯ, ಬೆಳ್ಳುಳ್ಳಿ, ಹುಣಸೆಹುಳಿ. ಇದನ್ನು ಬಾಣಲೆಯಲ್ಲಿ ಎಣ್ಣೆ ಬಿಡುವ ತನಕ ಬಾಡಿಸಿ, ಉಪ್ಪಿನಕಾಯಿಯಷ್ಟು ಗಟ್ಟಿ ಮಾಡಿ, ಬೇಯಿಸಿ ಮುಳ್ಳು ಬಿಡಿಸಿದ ಮೀನನ್ನು ಕಡೆಗೆ ಸೇರಿಸಬೇಕು. ಪೂರ್ತಿ ಆರಬೇಕು. ಬಿಸಿ ಇರುವಾಗಲೇ ತುಂಬಿದರೆ ಬೆಣ್ಣೆ ಅಲ್ಲೇ ಅಳುತ್ತದೆ.

ಬೆಣ್ಣೆಯದ್ದು ದೊಡ್ಡ ರಗಳೆ. ಬೆಂಗಳೂರು ತಂಪು ಅನ್ನುವವರು ಏಪ್ರಿಲ್‌ನಲ್ಲಿ ನನ್ನ ಅಡುಗೆಮನೆಗೆ ಬರಲಿ. ಲಟ್ಟಿಸುತ್ತಿದ್ದ ಹಾಗೆ ಬೆರಳಿನ ಸಂದಿಯಲ್ಲಿ ತುಪ್ಪವಾಗುತ್ತದೆ. ಎಷ್ಟೋ ಬೇಕರಿಗಳಲ್ಲಿ ಹಾಕುವ ಮಾರ್ಗರಿನ್ ಅಷ್ಟು ಸುಲಭಕ್ಕೆ ಕರಗುವುದಿಲ್ಲ. ಅದಕ್ಕೇ ತಿಂದ ಮೇಲೂ ಅಂಗುಳಿಗೆ ಮೆತ್ತಿಕೊಂಡಿರುತ್ತದೆ. ನನಗೆ ಬೆಣ್ಣೆಯೇ ಆಗಬೇಕು. ಮೂರು ಮಡಿಕೆ ಮಾಡು, ಅರ್ಧ ಗಂಟೆ ಫ್ರಿಜ್ಜಿನಲ್ಲಿಡು, ತೆಗೆದು ಲಟ್ಟಿಸು, ಮತ್ತೆ ಮಡಿಸು. ಹೀಗೆ ಆರು ಸಲ ಮಾಡಿದರೆ 729 ಪದರ. ನಾನು ನಾಲ್ಕಕ್ಕೇ ನಿಲ್ಲಿಸುತ್ತೇನೆ. 81 ಪದರ ಸಾಕು, ಅದರೊಳಗೆ ಕೂರುವುದು ಬಂಗುಡೆ ತಾನೇ, ಮಹಾರಾಜನಲ್ಲವಲ್ಲ. ಇಷ್ಟೊಂದು ಮಡಿಯಲ್ಲಿ ಮೀನು ಇರುವುದು ನೋಡಿ ಒಬ್ಬನೇ ನಕ್ಕದ್ದೂ ಉಂಟು.

ಮೇಲೆ ಮೊಟ್ಟೆ ಬಳಿದು, 200 ಡಿಗ್ರಿಯಲ್ಲಿ ಇಪ್ಪತ್ತೈದು ನಿಮಿಷ. ನಡುವೆ ಓವನ್ನಿನ ಬಾಗಿಲು ತೆಗೆಯಬಾರದು. ನಾನು ತೆಗೆದಿದ್ದೇನೆ, ಅದು ಬೇಡ.

ಇದರಲ್ಲಿ ಇನ್ನೊಂದು ಗುಟ್ಟಿದೆ. ಮನೆ ಕೊಡುವಾಗ ಕೆಳಗಿನ ಓನರ್ ಹೇಳಿದ್ದರು, "ಮೊಟ್ಟೆ, ಚಿಕನ್ನು ಏನಾದ್ರೂ ಮಾಡ್ಕೊಳ್ಳಿ ಸಾರ್. ಮೀನು ಮಾತ್ರ ಬೇಡ. ವಾಸನೆ." ನಾನು ಹೂಂ ಅಂದಿದ್ದೆ. ಎರಡು ವರ್ಷ ಹೋಟೆಲಿನಲ್ಲೇ ತಿಂದೆ. ಆಮೇಲೊಂದು ಭಾನುವಾರ ರಸೆಲ್ ಮಾರ್ಕೆಟ್ಟಿನಿಂದ ಚೀಲ ತಂದೇಬಿಟ್ಟೆ. ಕೆಳಗಿನ ಮನೆಯಲ್ಲಿ ಒಗ್ಗರಣೆ ಸಿಡಿಯುವ ಹೊತ್ತು ನೋಡಿಕೊಂಡು ಅರಿಶಿನ ಹಾಕಿ ಮೀನು ಬೇಯಿಸಿದೆ. ಸಂಜೆ ಓವನ್ನಿನಿಂದ ಬಂದದ್ದು ಬರೀ ಬೆಣ್ಣೆಯ ಪರಿಮಳ. ಮೆಟ್ಟಿಲ ಹತ್ತಿರ ಓನರ್ ಆಂಟಿ, "ಏನ್ರೀ, ಬೇಕರಿ ಇಟ್ಟಿದ್ದೀರಾ? ಘಮ್ ಅಂತಿದೆ" ಅಂದರು. ನಾನು ಹಲ್ಲು ಕಿರಿದೆ. ಖುಷಿಗಿಂತ ನಾಚಿಕೆಯೇ ಜಾಸ್ತಿ ಇತ್ತು ಅದರಲ್ಲಿ.

ಪಫ್ಸು ಗುಟ್ಟು ಕಾಪಾಡುತ್ತದೆ, ಮುಳ್ಳು ಕಾಪಾಡುವುದಿಲ್ಲ. ಕಸದ ಗಾಡಿ ಬರುವುದು ಬೆಳಿಗ್ಗೆ. ರಾತ್ರಿಯಿಡೀ ಹಸಿ ಕಸದ ಬಕೆಟ್ಟಿನಲ್ಲಿ ಬಂಗುಡೆಯ ಮುಳ್ಳು ಬಿದ್ದಿದ್ದರೆ ಬೀದಿಗೆಲ್ಲಾ ಸುದ್ದಿ. ಅದಕ್ಕೆ ಅವನ್ನು ಒಂದು ಡಬ್ಬದಲ್ಲಿ ಹಾಕಿ ಫ್ರೀಜರಿನಲ್ಲಿ ಇಡುತ್ತೇನೆ. ಗಾಡಿಯ ಸದ್ದು ಕೇಳಿದ ಮೇಲೆ ತೆಗೆಯುತ್ತೇನೆ. ಮರೆಯದಿದ್ದರೆ.

ಪಕ್ಕದಲ್ಲೇ ಅಂಥದ್ದೇ ಇನ್ನೊಂದು ಡಬ್ಬದಲ್ಲಿ, ಚಳಿಗಾಲದಲ್ಲಿ ಕೂಡಿಟ್ಟ ಹಿತಕಿದ ಅವರೆ. ಹೋದ ವಾರ ಹೆಂಡತಿ ಅದನ್ನು ತೆಗೆದು, ಮಂಜು ಬಿಡಲಿ ಅಂತ ಡಬ್ಬ ಸಮೇತ ನೀರಿನಲ್ಲಿಟ್ಟು, ಉಪ್ಪಿಟ್ಟಿಗೆ ಈರುಳ್ಳಿ ಹೆಚ್ಚಿಕೊಂಡಳು. "ಕೆಳಗಡೆ ಆಂಟಿಗೂ ಒಂದು ಬಟ್ಟಲು ಕೊಟ್ಟು ಬನ್ನಿ" ಅನ್ನುತ್ತಲೇ ಮುಚ್ಚಳ ತೆಗೆದಳು.