ಇಲ್ಮರಿ: ಆಕಾಶವನ್ನು ತಟ್ಟಿದ ಕಮ್ಮಾರನ ಹೆಸರು

ಮಕ್ಕಳಿಗೆ ಇಡಬಹುದಾದ ಹೆಸರುಗಳ ಪಟ್ಟಿಗಳಲ್ಲಿ ಫಿನ್ಲೆಂಡಿನ ‘ಇಲ್ಮರಿ’ ಎಂಬ ಗಂಡು ಹೆಸರಿನ ಎದುರು ‘ಗಾಳಿ’ ಎಂದು ಒಂದೇ ಮಾತು ಬರೆದು ಮುಗಿಸಿರುತ್ತಾರೆ. ಅದನ್ನು ಓದಿದಾಗಲೆಲ್ಲ ನನಗೆ ಬೇಸರವಾಗುತ್ತದೆ. ಒಂದು ಜನಸಮುದಾಯ ಶತಮಾನಗಳ ಕಾಲ ನಾಲಿಗೆಯ ಮೇಲೆ ಉಳಿಸಿಕೊಂಡು ಬಂದ ಹೆಸರು ಅದು. ಅಕ್ಷರ ಬಾರದ ಹಾಡುಗಾರರು, ಇದ್ದಿಲು ಸುಡುವವರು, ಬಲೆ ಬೀಸುವವರು ಅದನ್ನು ಕಾಪಾಡದೇ ಹೋಗಿದ್ದರೆ ಇಂದು ಹೆಲ್ಸಿಂಕಿಯಲ್ಲಿ ಯಾವ ಮಗುವಿಗೂ ಆ ಹೆಸರು ಸಿಗುತ್ತಿರಲಿಲ್ಲ. ಹೆಸರಿನ ಅರ್ಥವನ್ನು ಕೇಳುವವರು ಅದನ್ನು ಉಳಿಸಿದವರನ್ನೂ ವಿಚಾರಿಸಬೇಕು ಎಂಬುದು ನನ್ನ ದೃಢವಾದ ಅಭಿಪ್ರಾಯ.

ಮೊದಲು ಪದದ ವಿಚಾರ. ಇಂದಿನ ಫಿನ್ನಿಷ್ ಭಾಷೆಯಲ್ಲಿ ‘ಇಲ್ಮ’ ಎಂದರೆ ಗಾಳಿ, ಹವೆ, ಹವಾಮಾನ. 1838ರಷ್ಟು ಹಿಂದೆ ಮೂಲವನ್ನು ಹೊಂದಿರುವ ಅಲ್ಲಿನ ಹವಾಮಾನ ಸಂಸ್ಥೆಯ ಹೆಸರಿನಲ್ಲೂ ಈ ಪದವೇ ಇದೆ. ನೆಲ ಎಂಬರ್ಥದ ‘ಮಾ’ ಮತ್ತು ‘ಇಲ್ಮ’ ಸೇರಿದರೆ ‘ಮಾಇಲ್ಮ’, ಅಂದರೆ ಲೋಕ. ಆದರೆ ಪದದ ಬೇರು ಇನ್ನೂ ಹಳೆಯದು. ಫಿನ್ನಿಷ್ ಭಾಷೆಗೆ ನೆಂಟತನವಿರುವ ಸಾಮಿ ಭಾಷೆಯಲ್ಲಿ ಇದೇ ಮೂಲದ ‘ಅಲ್ಬ್ಮಿ’ ಎಂದರೆ ಆಕಾಶ. ಫಿನ್ಲೆಂಡಿನಿಂದ ಬಹುದೂರ, ವೋಲ್ಗಾ ನದಿಯ ಉಪನದಿಯಾದ ಕಾಮಾದ ಆಸುಪಾಸಿನಲ್ಲಿ ವಾಸಿಸುವ ಉದ್ಮುರ್ತ್ ಜನರು ತಮ್ಮ ಆಕಾಶದೇವರನ್ನು ‘ಇನ್ಮರ್’ ಎಂದು ಕರೆಯುತ್ತಾರೆ. ಇವೆಲ್ಲವನ್ನೂ ಒಟ್ಟಿಗೆ ಇಟ್ಟು ನೋಡಿದ ಭಾಷಾವಿಜ್ಞಾನಿಗಳು, ಇಲ್ಮರಿ ಎಂಬ ಹೆಸರಿನ ಹಿಂದೆ ಮೋಡ, ಮಳೆ, ಬಿರುಗಾಳಿಗಳನ್ನು ಆಳುತ್ತಿದ್ದ ಒಬ್ಬ ಪ್ರಾಚೀನ ದೇವರನ್ನು ಕಾಣುತ್ತಾರೆ.

ಆ ದೇವರಿಗೆ ಸಿಕ್ಕಿರುವ ಹಳೆಯ ಲಿಖಿತ ಸಾಕ್ಷಿ ಒಬ್ಬ ಕ್ರೈಸ್ತ ಧರ್ಮಗುರುವಿನದು. ಫಿನ್ನಿಷ್ ಭಾಷೆಗೆ ಮುದ್ರಿತ ಪುಸ್ತಕವನ್ನು ಮೊದಲು ಕೊಟ್ಟ ಮಿಕಾಯೆಲ್ ಅಗ್ರಿಕೊಲ 1551ರಲ್ಲಿ ಕೀರ್ತನೆಗಳ ಅನುವಾದವನ್ನು ಪ್ರಕಟಿಸಿದಾಗ, ಅದರ ಪದ್ಯರೂಪದ ಮುನ್ನುಡಿಯಲ್ಲಿ, ಹಾಮೆ ಮತ್ತು ಕರೇಲಿಯ ಪ್ರದೇಶದ ಜನರು ಹಿಂದೆ ಪೂಜಿಸುತ್ತಿದ್ದ ದೇವತೆಗಳನ್ನು ಪಟ್ಟಿ ಮಾಡಿದ. ಇಲ್ಮರಿನೆನ್ (ಇಲ್ಮರಿ ಹೆಸರಿನದೇ ಇನ್ನೊಂದು ರೂಪ) ಶಾಂತಿಯನ್ನೂ ಹವೆಯನ್ನೂ ಉಂಟುಮಾಡುತ್ತಾನೆ, ದಾರಿಗರನ್ನು ಮುಂದಕ್ಕೆ ಸಾಗಿಸುತ್ತಾನೆ ಎಂಬುದು ಅದರಲ್ಲಿ ಒಂದು ಮಾತು. ಅಗ್ರಿಕೊಲ ಇದನ್ನು ಬರೆದದ್ದು ಜನರ ಮೂಢನಂಬಿಕೆಯನ್ನು ಖಂಡಿಸುವುದಕ್ಕಾಗಿ. ಆದರೂ ಖಂಡಿಸುವ ಮುನ್ನ ಹೆಸರುಗಳನ್ನು ಶ್ರದ್ಧೆಯಿಂದ ಕೇಳಿ ಬರೆದುಕೊಂಡನಲ್ಲ, ಅದಕ್ಕೆ ನಾವು ಅವನಿಗೆ ಋಣಿಗಳಾಗಿರಬೇಕು.

ಮುಂದಿನ ಸುಮಾರು ಮುನ್ನೂರು ವರ್ಷಗಳಲ್ಲಿ ಈ ಹೆಸರು ಚರ್ಚಿನ ಪುಸ್ತಕಗಳಲ್ಲಿ ಕಾಣುವಂಥದ್ದಲ್ಲ. ಫಿನ್ಲೆಂಡ್ 1809ರವರೆಗೆ ಸ್ವೀಡನ್ನಿನ ಆಡಳಿತದಲ್ಲಿತ್ತು. ಹಳ್ಳಿಯ ಪಾದ್ರಿ ಹುಟ್ಟಿದ ಗಂಡುಮಗುವಿಗೆ ಸಂತರ ಹೆಸರಿಟ್ಟು, ಅದನ್ನು ಯೊಹಾನ್, ಹೆನ್ರಿಕ್ ಎಂದು ಸ್ವೀಡಿಷ್ ರೂಪದಲ್ಲಿ ದಾಖಲಿಸುತ್ತಿದ್ದ, ಮನೆಯವರು ಅದೇ ಮಗುವನ್ನು ಯುಹಾನಿ, ಹೇಯ್ಕ್ಕಿ ಎಂದು ಕರೆಯುತ್ತಿದ್ದರು. ಇಲ್ಮರಿನೆನ್ ಆಗ ಮನುಷ್ಯರ ಹೆಸರಾಗಿರಲಿಲ್ಲ. ಅವನು ಹಾಡಿನೊಳಗೆ ಇದ್ದ. ಆ ಹಾಡು ಹೆಚ್ಚು ಹಸಿರಾಗಿ ಉಳಿದಿದ್ದು ಇಂದಿನ ಫಿನ್ಲೆಂಡಿನ ಗಡಿಯಾಚೆ, ರಷ್ಯಾದ ಭಾಗವಾಗಿದ್ದ ವಿಯೆನ ಕರೇಲಿಯದ ಬಡ ಹಳ್ಳಿಗಳಲ್ಲಿ. ಅಲ್ಲಿನವರು ಆರ್ಥೊಡಾಕ್ಸ್ ಕ್ರೈಸ್ತರು, ಮಾತನಾಡುತ್ತಿದ್ದುದು ಕರೇಲಿಯನ್ ನುಡಿ.

ಕಯಾನಿ ಊರಿನಲ್ಲಿ ಜಿಲ್ಲಾ ವೈದ್ಯನಾಗಿದ್ದ ಎಲಿಯಾಸ್ ಲೋನ್ರೊತ್ 1834ರ ಏಪ್ರಿಲ್ ತಿಂಗಳಲ್ಲಿ ಈ ಭಾಗದ ಲತ್ವಯಾರ್ವಿ ಎಂಬ ಹಳ್ಳಿಗೆ ಹೋದ. ಅಲ್ಲಿ ವಯಸ್ಸಾಗಿದ್ದ ರೈತ ಅರ್ಹಿಪ್ಪ ಪೆರ್ತುನೆನ್ ಮೂರು ದಿನ ಅವನಿಗಾಗಿ ಹಾಡಿದ. ಲೋನ್ರೊತ್ ಬರೆದುಕೊಂಡದ್ದು 4,000ಕ್ಕೂ ಹೆಚ್ಚು ಸಾಲುಗಳು. ತನ್ನ ತಂದೆ ತನಗಿಂತ ಎಷ್ಟೋ ದೊಡ್ಡ ಹಾಡುಗಾರನಾಗಿದ್ದನೆಂದೂ, ಮೀನು ಹಿಡಿಯಲು ಹೋದಾಗ ಕೆರೆಯ ದಡದಲ್ಲಿ ಬೆಂಕಿ ಹಾಕಿಕೊಂಡು ಅವನೂ ಅವನ ಜೊತೆಗಾರನೂ ಕೈ ಕೈ ಹಿಡಿದು ರಾತ್ರಿಯಿಡೀ ಹಾಡುತ್ತಿದ್ದರೆಂದೂ ಅರ್ಹಿಪ್ಪ ನೆನಪಿಸಿಕೊಂಡ. ತನ್ನ ಮಕ್ಕಳಲ್ಲಿ ಹಾಡುಗಾರರಾಗುವವರು ಯಾರೂ ಇಲ್ಲ ಎಂಬ ಕೊರಗೂ ಅವನಿಗಿತ್ತು. ಮುಂದೆ ಅವನ ಮಗ ಮಿಹ್ಕಲಿ ಹೆಸರಾಂತ ಹಾಡುಗಾರನೇ ಆದ ಎಂಬುದನ್ನು ತಿಳಿದಾಗ ನನಗೆ ನಿಜಕ್ಕೂ ಸಂತೋಷವಾಯಿತು. ಲೋನ್ರೊತ್ ಇಂಥ ಹಲವರಿಂದ ಸಂಗ್ರಹಿಸಿದ ಹಾಡುಗಳನ್ನು ಹೊಂದಿಸಿ, ಕೊಂಡಿಗಳನ್ನು ಬೆಸೆದು, 1835ರಲ್ಲಿ ‘ಕಲೆವಲ’ ಮಹಾಕಾವ್ಯವನ್ನು ಹೊರತಂದ. 1849ರ ವಿಸ್ತೃತ ಆವೃತ್ತಿಯಲ್ಲಿ 50 ಹಾಡುಗಳೂ 22,795 ಸಾಲುಗಳೂ ಇವೆ.

ಈ ಕಾವ್ಯದಲ್ಲಿ ಇಲ್ಮರಿನೆನ್ ಕಮ್ಮಾರ. ಅವನು ಹುಟ್ಟಿದ್ದು ಇದ್ದಿಲಿನ ದಿಬ್ಬದ ಮೇಲೆ, ಹುಟ್ಟುವಾಗಲೇ ಒಂದು ಕೈಯಲ್ಲಿ ತಾಮ್ರದ ಸುತ್ತಿಗೆ, ಇನ್ನೊಂದರಲ್ಲಿ ಪುಟ್ಟ ಇಕ್ಕಳ. ಹಿಂದಿನ ಆಕಾಶದೇವರು ಇಲ್ಲಿ ಪೂರ್ತಿ ಮರೆಯಾಗಿಲ್ಲ, ಏಕೆಂದರೆ ಆಕಾಶದ ಕಮಾನನ್ನು ತಟ್ಟಿ ಮಾಡಿದವನು ಇವನೇ ಎಂದು ಹಾಡು ಮತ್ತೆ ಮತ್ತೆ ಹೇಳುತ್ತದೆ. ಆ ಕೆಲಸ ಎಷ್ಟು ನಯವಾದದ್ದೆಂದರೆ ಸುತ್ತಿಗೆಯ ಏಟಾಗಲಿ ಇಕ್ಕಳ ಹಿಡಿದ ಗುರುತಾಗಲಿ ಎಲ್ಲಿಯೂ ಕಾಣುವುದಿಲ್ಲವಂತೆ. ಕಮ್ಮಾರಿಕೆಯನ್ನು ಹತ್ತಿರದಿಂದ ಕಂಡವರು ಮಾತ್ರ ಕಟ್ಟಬಲ್ಲ ಹೊಗಳಿಕೆ ಇದು. ಕಬ್ಬಿಣದ ಹುಟ್ಟನ್ನು ಹೇಳುವ ಒಂಬತ್ತನೆಯ ಹಾಡಿನಲ್ಲಿ ಈ ಅನುಭವ ಇನ್ನೂ ಗಾಢವಾಗಿದೆ. ಮೂವರು ವಾಯುಕನ್ಯೆಯರು ನೆಲಕ್ಕೆ ಹಾಲು ಕರೆಯುತ್ತಾರೆ. ಕಪ್ಪು ಹಾಲಿನಿಂದ ಮೆದು ಕಬ್ಬಿಣ, ಬಿಳಿಯದರಿಂದ ಉಕ್ಕು, ಕೆಂಪಿನಿಂದ ಸುಲಭವಾಗಿ ಮುರಿಯುವ ಗಡಸು ಕಬ್ಬಿಣ ಹುಟ್ಟುತ್ತವೆ. ತನ್ನ ಅಣ್ಣನಾದ ಬೆಂಕಿಗೆ ಹೆದರಿದ ಕಬ್ಬಿಣ ಜೌಗುನೆಲದಲ್ಲಿ ಅಡಗುತ್ತದೆ, ತೋಳ ಮತ್ತು ಕರಡಿ ತುಳಿದುಹೋದ ಹೆಜ್ಜೆಗುರುತಿನಲ್ಲಿ ಅದು ಇಲ್ಮರಿನೆನ್ನನ ಕಣ್ಣಿಗೆ ಬೀಳುತ್ತದೆ. ಫಿನ್ಲೆಂಡಿನ ಹಳ್ಳಿಗರು ಕಬ್ಬಿಣದ ಅದಿರನ್ನು ನಿಜವಾಗಿಯೂ ಜೌಗುಗಳಿಂದ, ಕೆರೆಗಳ ತಳದಿಂದ ಎತ್ತುತ್ತಿದ್ದರು ಎಂಬುದನ್ನು ನೆನೆದರೆ ಈ ಕಥೆಯ ಕಾಲು ನೆಲದ ಮೇಲೆಯೇ ಇದೆ ಎಂಬುದು ತಿಳಿಯುತ್ತದೆ.

ಅದೇ ಹಾಡಿನ ಮುಂದಿನ ಭಾಗವನ್ನು ನಾನು ಎಷ್ಟು ಸಲ ಓದಿದರೂ ತಣಿಯುವುದಿಲ್ಲ. ಉಕ್ಕಿಗೆ ಹದ ಹಾಕುವ ನೀರಿಗೆ ಸೇರಿಸಲು ಜೇನುತುಪ್ಪ ತರುವಂತೆ ಇಲ್ಮರಿನೆನ್ ಜೇನುಹುಳುವನ್ನು ಕೇಳಿಕೊಳ್ಳುತ್ತಾನೆ. ಮಾಡಿನ ಮೂಲೆಯಲ್ಲಿ ಕುಳಿತು ಈ ಮಾತನ್ನು ಕದ್ದು ಕೇಳಿದ ಕಣಜ ಜೇನಿನ ಬದಲು ಹಾವಿನ ವಿಷವನ್ನು ತಂದು ಹಾಕುತ್ತದೆ, ಕಮ್ಮಾರ ಅದನ್ನೇ ಜೇನೆಂದು ನಂಬಿ ಕೆಂಪಗೆ ಕಾದ ಕಬ್ಬಿಣವನ್ನು ಅದ್ದುತ್ತಾನೆ. ಬಂಧುಗಳನ್ನು ಗಾಯಗೊಳಿಸುವುದಿಲ್ಲವೆಂದು ಆಣೆ ಮಾಡಿದ್ದ ಕಬ್ಬಿಣ ಆ ಕ್ಷಣದಿಂದ ಆಣೆ ಮುರಿದು ಮನುಷ್ಯನ ಮಾಂಸವನ್ನು ಕಡಿಯತೊಡಗುತ್ತದೆ. ಕೊಡಲಿಯ ಗಾಯದಿಂದ ಸುರಿಯುವ ರಕ್ತವನ್ನು ನಿಲ್ಲಿಸಲು ಹೇಳುವ ಮಂತ್ರದ ಭಾಗವಾಗಿ ಈ ಕಥೆ ಬರುತ್ತದೆ. ಗಾಯ ಮಾಡಿದ ವಸ್ತುವಿನ ಹುಟ್ಟು ತಿಳಿದವನು ಅದರ ಕೇಡನ್ನು ತಡೆಯಬಲ್ಲ ಎಂಬುದು ಆ ಜನರ ನಂಬಿಕೆಯಾಗಿತ್ತು.

ಇಲ್ಮರಿನೆನ್ನನ ಹೆಸರನ್ನು ಎಲ್ಲರ ಬಾಯಿಗೆ ತಂದದ್ದು ‘ಸಂಪೊ’. ಉತ್ತರ ನಾಡಾದ ಪೊಹ್ಯೊಲದ ಒಡತಿ ಲೌಹಿ, ಹಂಸದ ಗರಿಯ ತುದಿ, ಬರಡು ಹಸುವಿನ ಹಾಲು, ಒಂದು ಬಾರ್ಲಿ ಕಾಳು, ಬೇಸಗೆಯ ಕುರಿಯ ಉಣ್ಣೆ ಇಷ್ಟರಿಂದ ಅದನ್ನು ಮಾಡಿಕೊಡಬೇಕೆಂದು ಕೇಳುತ್ತಾಳೆ. ಕುಲುಮೆಯಿಂದ ಮೊದಲು ಬರುವುದು ಚಿನ್ನದ ಬಿಲ್ಲು. ನೋಡಲು ಚೆಂದ, ಆದರೆ ದಿನಕ್ಕೊಂದು ತಲೆ ಬೇಡುತ್ತದೆ. ಆಮೇಲೆ ಬರುವ ದೋಣಿ ಕಾರಣವಿಲ್ಲದೆ ಯುದ್ಧಕ್ಕೆ ಹೊರಡುತ್ತದೆ, ಕಡಸು ಹಾಲನ್ನು ನೆಲಕ್ಕೆ ಚೆಲ್ಲುತ್ತದೆ, ನೇಗಿಲು ಪರರ ಹೊಲವನ್ನು ಉಳುತ್ತದೆ. ಅಷ್ಟನ್ನೂ ಇಲ್ಮರಿನೆನ್ ಮುರಿದು ಮತ್ತೆ ಬೆಂಕಿಗೆ ಹಾಕುತ್ತಾನೆ. ಕೊನೆಗೆ ಬಂದ ಸಂಪೊ ಒಂದು ಬದಿಯಿಂದ ಹಿಟ್ಟು, ಇನ್ನೊಂದರಿಂದ ಉಪ್ಪು, ಮತ್ತೊಂದರಿಂದ ಹಣ ಬೀಸುವ ಮಾಯದ ಬೀಸುಕಲ್ಲು. ಚೆಂದವಾಗಿದ್ದರೂ ಸ್ವಭಾವ ಕೆಟ್ಟದ್ದಾದರೆ ತನ್ನ ಕೈಯ ವಸ್ತುವನ್ನೇ ಮುರಿಯುವ ಈ ಕುಶಲಕರ್ಮಿ ನನಗೆ ಕಾವ್ಯದ ಯಾವ ವೀರನಿಗಿಂತಲೂ ಹೆಚ್ಚು ಪ್ರಿಯ.

ಅವನ ಸೋಲುಗಳನ್ನೂ ಹಾಡು ಬಚ್ಚಿಟ್ಟಿಲ್ಲ. ಹೆಂಡತಿಯನ್ನು ಕಳೆದುಕೊಂಡ ದುಃಖದಲ್ಲಿ ಅವನು ಚಿನ್ನ ಬೆಳ್ಳಿಗಳಿಂದ ಒಬ್ಬಳು ವಧುವನ್ನು ಎರಕ ಹೊಯ್ಯುತ್ತಾನೆ. ರಾತ್ರಿ ಅವಳ ಪಕ್ಕದಲ್ಲಿ ಮಲಗಿದರೆ ಆ ಮಗ್ಗುಲು ಹೆಪ್ಪುಗಟ್ಟುತ್ತದೆ. ಲೌಹಿ ಸೂರ್ಯಚಂದ್ರರನ್ನು ಬೆಟ್ಟದೊಳಗೆ ಬಚ್ಚಿಟ್ಟಾಗ ಅವನು ಹೊಸ ಸೂರ್ಯನನ್ನೂ ಹೊಸ ಚಂದ್ರನನ್ನೂ ಮಾಡಿ ಮರದ ತುದಿಗೇರಿಸುತ್ತಾನೆ, ಅವು ಬೆಳಗುವುದಿಲ್ಲ. ಆಕಾಶವನ್ನೇ ಮಾಡಿದವನ ಕೈಯಲ್ಲೂ ಆಗದ ಕೆಲಸಗಳಿದ್ದವು ಎಂದು ಹಾಡಿದವರು ತಮ್ಮ ನಾಯಕನನ್ನು ಪ್ರೀತಿಸುತ್ತಿದ್ದರು, ಆರಾಧಿಸುತ್ತ ಕೂರಲಿಲ್ಲ.

ಕಲೆವಲ ಪ್ರಕಟವಾದ ಮೇಲೆ, ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ, ಓದಿದ ಮನೆತನಗಳು ಮಕ್ಕಳಿಗೆ ಇಲ್ಮರಿ, ವೈನೊ, ಅಹ್ತಿ, ತಪಿಯೊ ಎಂದು ಹೆಸರಿಡತೊಡಗಿದವು. ಫಿನ್ನಿಷ್ ಭಾಷೆಯ ಹಕ್ಕಿಗಾಗಿ ದುಡಿದ ತತ್ತ್ವಜ್ಞಾನಿ ಸ್ನೆಲ್ಮನ್ ಹುಟ್ಟಿ ನೂರು ವರ್ಷವಾದ 1906ರ ಮೇ 12ರ ಸಂದರ್ಭದಲ್ಲಿ ಸಹಸ್ರಾರು ಕುಟುಂಬಗಳು ಸ್ವೀಡಿಷ್ ಮನೆತನದ ಹೆಸರುಗಳನ್ನು ಬಿಟ್ಟು ಫಿನ್ನಿಷ್ ಹೆಸರುಗಳನ್ನು ಸ್ವೀಕರಿಸಿದವು. ಸಂಪೊ ತಯಾರಾಗುವ ದೃಶ್ಯವನ್ನು 1893ರಲ್ಲಿ ಚಿತ್ರಿಸಿದ್ದ ಆಕ್ಸೆಲ್ ಗಾಲ್ಲೇನ್ ಎಂಬ ಕಲಾವಿದ 1907ರಲ್ಲಿ ಅಕ್ಸೆಲಿ ಗಾಲ್ಲೆನ್-ಕಲ್ಲೆಲ ಆದ. 1908ರಲ್ಲಿ ಪಂಚಾಂಗದ ನಾಮದಿನಗಳ, ಅಂದರೆ ಯಾವ ದಿನ ಯಾವ ಹೆಸರಿನದು ಎಂದು ಗೊತ್ತುಮಾಡಿದ, ಪಟ್ಟಿಯನ್ನು ಪರಿಷ್ಕರಿಸಿದಾಗ ಫಿನ್ನಿಷ್ ಹೆಸರುಗಳಿಗೆ ವಿಪುಲವಾಗಿ ಜಾಗ ಸಿಕ್ಕಿತು.

ಇದನ್ನು ಕೇಳಿದ ಕೆಲವರು, ಹಾಗಾದರೆ ಇಲ್ಮರಿ ಪ್ರಾಚೀನ ಹೆಸರೇ ಅಲ್ಲ, ರಾಷ್ಟ್ರೀಯತೆಯ ಕಾಲದಲ್ಲಿ ಕಟ್ಟಿದ್ದು ಎನ್ನುತ್ತಾರೆ. ನಾನು ಒಪ್ಪುವುದಿಲ್ಲ. ವ್ಯಕ್ತಿನಾಮವಾಗಿ ಅದು ಹೊಸದು ನಿಜ. ಆದರೆ 1551ಕ್ಕಿಂತ ಹಿಂದಿನಿಂದ ಅರ್ಹಿಪ್ಪನ ಗುಡಿಸಲಿನವರೆಗೆ ಯಾರೂ ಅದನ್ನು ಮರೆತಿರಲಿಲ್ಲ. ಪಾದ್ರಿಯ ಪುಸ್ತಕದಲ್ಲಿ ಇಲ್ಲದ್ದು ಜನರಲ್ಲೂ ಇರಲಿಲ್ಲ ಎಂದು ತೀರ್ಮಾನಿಸುವುದು ಬರಹ ಬಲ್ಲವರ ಅಹಂಕಾರ.

ಹೆಸರು ಹೊತ್ತವರೂ ಅದಕ್ಕೆ ತಮ್ಮದನ್ನು ಸೇರಿಸಿದ್ದಾರೆ. ಬಡರೈತರ ಬದುಕನ್ನು ಬರೆದ ಲೇಖಕ ಇಲ್ಮರಿ ಕಿಯಾಂತೊ, 1936ರ ಬರ್ಲಿನ್ ಒಲಿಂಪಿಕ್ಸ್‌ನ 10,000 ಮೀಟರ್ ಓಟದಲ್ಲಿ ಚಿನ್ನ ಗೆದ್ದ ಇಲ್ಮರಿ ಸಾಲ್ಮಿನೆನ್, ವಿದ್ಯಾರ್ಥಿನಿಲಯಕ್ಕಾಗಿ ರೂಪಿಸಿದ ಕುರ್ಚಿಯಿಂದ ಲೋಕಪ್ರಸಿದ್ಧನಾದ ವಿನ್ಯಾಸಕಾರ ಇಲ್ಮರಿ ತಪಿಯೊವಾರ ನನಗೆ ತಟ್ಟನೆ ನೆನಪಾಗುವವರು. ಶೋಕವೂ ಈ ಹೆಸರಿಗೆ ಅಂಟಿದೆ. ‘ಇಲ್ಮರಿನೆನ್’ ಎಂಬ ಯುದ್ಧನೌಕೆ 1941ರ ಸೆಪ್ಟೆಂಬರ್ 13ರಂದು ಬಾಲ್ಟಿಕ್ ಸಮುದ್ರದಲ್ಲಿ ನೆಲಬಾಂಬುಗಳಂತೆ ನೀರಿನಲ್ಲಿ ಹುದುಗಿಸಿದ್ದ ಸ್ಫೋಟಕಗಳಿಗೆ ತಗಲಿ ಮುಳುಗಿದಾಗ 271 ಜನ ಸತ್ತರು.

ಕರಾವಳಿಯ ಓದುಗರಿಗೆ ಈ ಪರಂಪರೆ ಪೂರ್ತಿ ಪರಕೀಯವಲ್ಲ. ಕಲೆವಲದ ನಾಡಿನ ಜಾನಪದ ವಿದ್ವಾಂಸ ಲೌರಿ ಹೊಂಕೊ 1990ರಲ್ಲಿ ಉಜಿರೆಯಲ್ಲಿ, ಬಿ. ಎ. ವಿವೇಕ ರೈ ಮತ್ತು ಕೆ. ಚಿನ್ನಪ್ಪ ಗೌಡರ ಜೊತೆಗೂಡಿ, ಮಾಚಾರಿನ ಗೋಪಾಲ ನಾಯ್ಕರು ಹಾಡಿದ ತುಳು ಸಿರಿ ಪಾಡ್ದನವನ್ನು ದಾಖಲಿಸಿದರು. 15,683 ಸಾಲುಗಳ ಆ ಪಠ್ಯ 1998ರಲ್ಲಿ ಹೆಲ್ಸಿಂಕಿಯಿಂದ ಪ್ರಕಟವಾಯಿತು. ಲೋನ್ರೊತ್ ಹಲವರ ಹಾಡುಗಳನ್ನು ಹೊಂದಿಸಿ ಒಂದು ಕಾವ್ಯ ಮಾಡಿದ. ಒಂದೂವರೆ ಶತಮಾನದ ನಂತರ ಅವನ ದೇಶದವನೇ ಒಬ್ಬ, ಒಬ್ಬನೇ ಹಾಡುಗಾರ ತನ್ನ ಉಸಿರಿನ ಬಲದಲ್ಲಿ ಎಷ್ಟು ದೀರ್ಘ ಕಾವ್ಯವನ್ನು ಕಟ್ಟಬಲ್ಲ ಎಂಬುದನ್ನು ತುಳುನಾಡಿನಲ್ಲಿ ಕಂಡುಕೊಂಡ. ಆ ಗ್ರಂಥದ ಹೆಸರಿನಲ್ಲಿಯೇ ಗೋಪಾಲ ನಾಯ್ಕರ ಹೆಸರಿದೆ. ಹಾಡಿದವನಿಗೆ ಸಲ್ಲಬೇಕಾದ ಗೌರವ ಇದೇ ಎಂದು ನಾನು ತಿಳಿದಿದ್ದೇನೆ.

ಇಂದು ಇಲ್ಮರಿ ಬಹಳಷ್ಟು ಫಿನ್ನಿಷ್ ಗಂಡುಮಕ್ಕಳ ಎರಡನೆಯ ಹೆಸರಾಗಿ ಉಳಿದಿದೆ. ಅಲ್ಲಿನ ಕಾನೂನು 2019ರಿಂದ ಒಬ್ಬ ವ್ಯಕ್ತಿಗೆ ನಾಲ್ಕು ಹೆಸರುಗಳವರೆಗೆ ಅವಕಾಶ ಕೊಡುತ್ತದೆ. ಹಾಗಾಗಿ ಅಜ್ಜನ ಹೆಸರು ಮೊಮ್ಮಗನಲ್ಲಿ ಸುಲಭವಾಗಿ ಮುಂದುವರಿಯಬಹುದು. ಮಗನಿಗೆ ಈ ಹೆಸರಿಡುವ ಮನೆಯವರು ಅವನಿಗೆ ಸಂಪೊವಿನ ಜೊತೆಗೆ ಹೆಪ್ಪುಗಟ್ಟಿಸಿದ ಚಿನ್ನದ ವಧುವಿನ ಕಥೆಯನ್ನೂ, ಗಡಿಯಾಚೆಯ ಲತ್ವಯಾರ್ವಿಯ ರೈತ ಅರ್ಹಿಪ್ಪನ ಹೆಸರನ್ನೂ ಹೇಳಬೇಕೆಂದು ನಾನು ಬಯಸುತ್ತೇನೆ.