ಆ ಚಪ್ಪಾಳೆ ಎಲ್ಲಿ ಹೋಯಿತು?

ಸಿಟ್ಟಿನಲ್ಲೇ ಬರೆಯುತ್ತಿದ್ದೇನೆ. ನಿನ್ನೆ ಗೆಳೆಯನೊಬ್ಬ ಒಂದು ಕಛೇರಿಯ ರೆಕಾರ್ಡಿಂಗ್ ಕಳಿಸಿದ. ತಂಬೂರಿ ಶುರುವಾದಾಗಲೇ ಏನೋ ಸರಿಯಿಲ್ಲ ಅನ್ನಿಸಿತ್ತು. ಕೊನೆಯಲ್ಲಿ ಚಪ್ಪಾಳೆ ಬಂದಾಗ ಗೊತ್ತಾಯಿತು. ಒಂದೊಂದು ಕೈಯ ಪಟ್ ಪಟ್ ಬೇರೆ ಬೇರೆ ಕೇಳಬೇಕಿತ್ತು. ಕೇಳಿದ್ದು ನೀರು ಸುರಿದ ಹಾಗೆ ಕಲಸಿಹೋದ ಸದ್ದು. ಒರಿಜಿನಲ್ ಎಲ್ಲಿ ಅಂದೆ. "128ರ ಎಂಪಿ3 ಮಾಡಿ ಅದನ್ನ ಡಿಲೀಟ್ ಮಾಡಿದೆ ಮಾರಾಯ, ಜಾಗ ಜಾಸ್ತಿ ತಿಂತಿತ್ತು. ಎರಡೂ ಒಂದೇ ಅಲ್ವಾ?"

ಅಲ್ಲ. ಖಂಡಿತ ಅಲ್ಲ.

ಸೀಡಿ ಗುಣಮಟ್ಟ ಅಂದರೆ ಸೆಕೆಂಡಿಗೆ 44,100 ಸಲ ದನಿಯನ್ನು ಅಳೆಯುವುದು, ಪ್ರತಿ ಅಳತೆಗೂ 16 ಬಿಟ್. ಎರಡು ಚಾನೆಲ್ ಸೇರಿದರೆ ಸೆಕೆಂಡಿಗೆ 1,411 ಕಿಲೋಬಿಟ್. ಅವನ ಹಾಗೆ 128 ಕಿಲೋಬಿಟ್ಟಿಗೆ ಇಳಿಸಿದರೆ ಉಳಿಯುವುದು ಹನ್ನೊಂದರಲ್ಲಿ ಒಂದು ಪಾಲು. ಜೋರು ಸದ್ದಿನ ಮರೆಯಲ್ಲಿರುವ ಸಣ್ಣ ಸದ್ದು ಕಿವಿಗೆ ಬೀಳಲ್ಲ ಅಂತ ಲೆಕ್ಕ ಹಾಕಿ ಎಂಪಿ3 ಅದನ್ನು ಬಿಸಾಕುತ್ತದೆ. ಬಿಟ್‌ರೇಟ್, ಅಂದರೆ ಸೆಕೆಂಡಿಗೆ ಇಷ್ಟು ಕಿಲೋಬಿಟ್ ಅನ್ನುವ ಲೆಕ್ಕ, ಕಮ್ಮಿಯಾದಷ್ಟೂ ಕೇಳಿಸುವುದಕ್ಕೂ ಕತ್ತರಿ ಬೀಳುತ್ತದೆ. ಫ್ಲ್ಯಾಕ್ ಅನ್ನುವ ಇನ್ನೊಂದು ಆಡಿಯೋ ಫಾರ್ಮ್ಯಾಟ್ ಹಾಗಲ್ಲ. 2001ರಿಂದ ಇದೆ, ಪುಕ್ಕಟೆ. ಜಿಪ್ ಫೈಲಿನ ಹಾಗೆ ಮಡಚಿಡುತ್ತದೆ. ಸಾಮಾನ್ಯವಾಗಿ ಅರ್ಧ, ಅಥವಾ ಅದಕ್ಕಿಂತ ಸ್ವಲ್ಪ ಜಾಸ್ತಿ ಜಾಗ ಸಾಕು. ಬಿಚ್ಚಿದರೆ ಒಂದು ಬಿಟ್ ಕೂಡ ಆಚೀಚೆ ಆಗಿರುವುದಿಲ್ಲ.

ನನಗೆ ಇಷ್ಟು ಸಂಕಟ ಯಾಕೆ ಅಂದರೆ, ನಾನೂ ಒಮ್ಮೆ ಇದನ್ನೇ ಮಾಡಿದ್ದೆ. ನನ್ನ ಸೀಡಿಗಳನ್ನೆಲ್ಲ 128ಕ್ಕೆ ಇಳಿಸಿ, ಡಿಸ್ಕುಗಳನ್ನು ಯಾರಿಗೋ ಕೊಟ್ಟುಬಿಟ್ಟೆ. ಅದರಲ್ಲೊಂದು ವೀಣೆಯದು. ತಂತಿಯ ಮೇಲೆ ಬೆರಳು ಜಾರುವಾಗಿನ ಸಣ್ಣ ಉಜ್ಜುವ ಸದ್ದು ಅದರಲ್ಲಿ ಎಷ್ಟು ಚೆನ್ನಾಗಿತ್ತು ಅಂತೀರಿ! ವರ್ಷಗಳ ಮೇಲೆ ಅದೇ ಎಂಪಿ3ಯನ್ನು ಫ್ಲ್ಯಾಕ್ ಮಾಡಿ ನೋಡಿದೆ. ಫೈಲ್ ದಪ್ಪವಾಯಿತು. ಬೆರಳು ವಾಪಸ್ ಬರಲಿಲ್ಲ. ಆವತ್ತು ನಿಜವಾಗಿ ಅಳು ಬಂತು.

"320ರಲ್ಲಿ ವ್ಯತ್ಯಾಸವೇ ಗೊತ್ತಾಗಲ್ಲ, ಬ್ಲೂಟೂತ್ ಹೇಗೂ ಮತ್ತೆ ಕುಗ್ಗಿಸುತ್ತೆ" ಅನ್ನುತ್ತೀರಿ. ಸರಿ, ಓಡಾಡುತ್ತಾ ಕೇಳುವಾಗ ನನಗೂ ಎಷ್ಟೋ ಸಲ ಗೊತ್ತಾಗುವುದಿಲ್ಲ. ಆದರೆ ಅದು ಇವತ್ತಿನ ಇಯರ್‌ಫೋನಿನ ಮಾತು. ನಾಳೆ ಒಳ್ಳೆಯ ಸ್ಪೀಕರ್ ಮುಂದೆ ಕೂತಾಗ? ಫ್ಲ್ಯಾಕ್ ಇದ್ದರೆ ಫೋನಿಗೆ ಬೇಕಾದ 320 ಯಾವಾಗ ಬೇಕಾದರೂ ಮಾಡಿಕೊಳ್ಳಬಹುದು. 320ರಿಂದ ಒರಿಜಿನಲ್ ಮಾಡಲು ಆಗಲ್ಲ. ಆ ಎಂಪಿ3ಯನ್ನೇ ಇನ್ನೊಂದು ಫಾರ್ಮ್ಯಾಟಿಗೆ ಕುಗ್ಗಿಸಿದರೆ ಇರುವುದರಲ್ಲೂ ಇನ್ನಷ್ಟು ಹೋಗುತ್ತದೆ. ಸುಮ್ನೆ ಯಾಕೆ ಡಿಲೀಟ್ ಮಾಡುತ್ತೀರಿ?

ಬೆಳಿಗ್ಗೆ ಅವನಿಗೆ ಮತ್ತೆ ಫೋನ್ ಮಾಡಿದೆ. ರೆಕಾರ್ಡ್ ಮಾಡಿದವರ ಹತ್ತಿರ ಆ ಮೆಮೊರಿ ಕಾರ್ಡ್ ಇನ್ನೂ ಇದ್ದರೂ ಇರಬಹುದು, ಕೇಳ್ತೀನಿ ಅಂದಿದ್ದಾನೆ. ಅದರ ಮೇಲೆ ಬೇರೇನೂ ರೆಕಾರ್ಡ್ ಮಾಡಬೇಡಿ ಅಂತ ಮೊದಲು ಹೇಳು ಅಂದೆ.